ಲೈಸೆನ್ಸ್ ಇದ್ದ ರೇಡಿಯೋ, ಹೆಸರಿಲ್ಲದ ಕಾಗದ

ರೇಡಿಯೋ ಕೇಳುವುದಕ್ಕೂ ಒಂದು ಕಾಲದಲ್ಲಿ ಲೈಸೆನ್ಸ್ ಬೇಕಿತ್ತು ಎಂದರೆ ನನ್ನ ಮೊಮ್ಮಗಳು ನಂಬುವುದಿಲ್ಲ. ಬಂದೂಕಿಗೆ ಬೇಕು, ಬಸ್ಸು ಓಡಿಸುವವನಿಗೆ ಬೇಕು, ಸುಮ್ಮನೆ ಕೂತು ಕಿವಿ ಕೊಡುವವನಿಗೆ ಯಾಕೆ ಬೇಕು ಎಂದು ಅವಳ ವಾದ.

"ಅಂಗಾರೆ ಕೆಮ್ಮದಕ್ಕೂ ದುಡ್ ಕಟ್ಟುಸ್ಕತಿದ್ರಾ ಅಜ್ಜಿ?" ಎಂದು ನಗುತ್ತಾಳೆ.

ಮೊನ್ನೆ ಅವಳನ್ನು ಕರೆದುಕೊಂಡು ಹೊಂಗೆದೊಡ್ಡಿಗೆ, ನನ್ನ ಅಣ್ಣನ ಮನೆಗೆ ಹೋಗಿದ್ದಾಗ ಸಾಕ್ಷಿ ಸಿಕ್ಕಿತು. ಬೀರುವಿನ ಒಂದು ಕಾಲಿನಡಿ ಏನನ್ನೋ ಮಡಿಸಿ ಒತ್ತು ಕೊಟ್ಟಿದ್ದರು. ಎಳೆದು ನೋಡಿದರೆ ಅಣ್ಣನ ರೇಡಿಯೋ ಲೈಸೆನ್ಸ್ ಪುಸ್ತಕ. ಅಂಗೈಯಗಲದ್ದು, ಒಳಗೆ ಸಾಲಾಗಿ ಅಂಟಿಸಿದ ಸ್ಟಾಂಪು, ಸ್ಟಾಂಪಿನ ಮೇಲೆ ತಾಳವಾಡಿ ಅಂಚೆ ಕಚೇರಿಯ ಗುಂಡು ಮೊಹರು. ಬೀರು ಗಡಗಡ ಅಲ್ಲಾಡಿತು. "ಅದ ಯಾಕಮ್ಮಿ ಎಳ್ದೆ, ನೆಟ್ಟಗೆ ನಿಂತಿತ್ತಲ್ಲ" ಎಂದು ಅತ್ತಿಗೆ ಬೈದಳು. ಮೊಮ್ಮಗಳು ಪುಸ್ತಕ ತಿರುವಿ ಹಾಕಿ ಸೋತೆ ಎಂದು ಒಪ್ಪಿಕೊಂಡಳು. ನನಗೆ ಮಾತ್ರ ಗೆದ್ದ ಖುಷಿ ಬರಲಿಲ್ಲ. ಆ ಪುಸ್ತಕದ ಪಕ್ಕದಲ್ಲಿ ನನ್ನದೊಂದು ಕಳ್ಳತನ ಕೂತಿದೆ. ಇಲ್ಲಿ ಬರೆದು ಹಗುರಾಗೋಣ ಎಂದುಕೊಂಡಿದ್ದೇನೆ. ಐದನೇ ಕ್ಲಾಸಿಗೆ ಪುಸ್ತಕ ಮುಚ್ಚಿದವಳು ನಾನು, ಹಿಂದು ಮುಂದಾದರೆ ಹೊಂದಿಸಿಕೊಂಡು ಓದಿ.

ನನ್ನ ಅಣ್ಣ ಮಾದಪ್ಪ ಶಾಲೆಯ ಮೆಟ್ಟಿಲು ಹತ್ತಿದವನಲ್ಲ. ಅಪ್ಪ ಬೇಗ ಹೋದದ್ದರಿಂದ ನೇಗಿಲು ಅವನ ಕೈಗೆ ಬಂತು, ಬಳಪ ನನ್ನ ಕೈಗೆ ಬಂತು. ಎಪ್ಪತ್ತರ ದಶಕದ ಕೊನೆಯಲ್ಲಿ, ಒಂದು ಒಳ್ಳೆಯ ಅರಿಸಿನದ ಬೆಳೆ ಆದ ಮೇಲೆ, ಅವನು ಸತ್ಯಮಂಗಲಕ್ಕೆ ಇಳಿದು ರೇಡಿಯೋ ತಂದ. ದಿಂಬಂ ಘಾಟಿಯ ಅಷ್ಟೂ ತಿರುವಿನಲ್ಲಿ ಅದನ್ನು ಹಸುಗೂಸಿನ ಹಾಗೆ ಮಡಿಲಲ್ಲಿ ಇಟ್ಟುಕೊಂಡಿದ್ದನಂತೆ. ಪಕ್ಕದಲ್ಲಿ ಕೂತವನಿಗೆ ಘಾಟಿಯಲ್ಲಿ ವಾಂತಿ ಬಂದಾಗ "ಆ ಕಡೆ, ಆ ಕಡೆ" ಎಂದು ಕೂಗಿ ರೇಡಿಯೋಗೆ ಟವೆಲ್ ಹೊದಿಸಿದನಂತೆ. ಪಂಚಾಯಿತಿ ಕಟ್ಟಡದಲ್ಲಿ ಒಂದು ರೇಡಿಯೋ ಇತ್ತು, ಇಲ್ಲವೆನ್ನುವುದಿಲ್ಲ. ಅದು ಕೆಟ್ಟು ಎಷ್ಟೋ ಕಾಲವಾಗಿ, ಅದರ ಲೌಡ್‌ಸ್ಪೀಕರಿನಲ್ಲಿ ಗುಬ್ಬಿ ಸಂಸಾರ ಮಾಡುತ್ತಿತ್ತು. ಹೀಗಾಗಿ ಊರಿಗೆ ಮಾತಾಡುವ ರೇಡಿಯೋ ನಮ್ಮದೊಂದೇ.

ತಂದ ಮರುದಿನವೇ ಅಣ್ಣ ತಾಳವಾಡಿಗೆ ನಡೆದು ಲೈಸೆನ್ಸ್ ಮಾಡಿಸಿದ. ಊರಲ್ಲಿ ನಗಾಡಿದರು. ಯಾರು ಬಂದು ನೋಡುತ್ತಾರೆ, ಆನೆ ತಿರುಗುವ ಕಾಡು ದಾಟಿ ರೇಡಿಯೋ ಹಿಡಿಯುವುದಕ್ಕೆ ಬರುತ್ತಾರಾ ಎಂದರು. ಅಣ್ಣನ ಲೆಕ್ಕ ಬೇರೆ.

"ಮೈಸೂರ್ನಲ್ಲಿ ಕುಂತ್ಕಂಡು ಒತ್ತಾರೆ ಎದ್ದು ಮಾತಾಡ್ತಾರಲ್ಲ, ಅವ್ರೇನ್ ಗಾಳಿ ಕುಡ್ಕಂಡಿದ್ದಾರಾ? ನಾವ್ ಕೊಟ್ರೆ ಅವ್ರ್ಗೆ ಊಟ. ಅವ್ರ್ ಉಂಡ್ರೆ ನಮ್ಗೆ ಮಾತು."

ಕೊಟ್ಟವನಿಗೆ ಕೇಳುವ ಬಾಯಿ ಇರುತ್ತದೆ ಎನ್ನುವುದು ಅವನ ಮಾತು. ಕೇಳುವ ಬಾಯಿ ಇದ್ದ ಮೇಲೆ ಕೇಳಿದ್ದನ್ನು ಪಾಲಿಸುವ ಕೈಯೂ ಇರಬೇಕಲ್ಲ! ರೇಡಿಯೋ ಹೇಳಿದ್ದನ್ನೆಲ್ಲ ಅಣ್ಣ ಮಾಡಿದ. ಗೊಬ್ಬರದ ಗುಂಡಿ ಇಷ್ಟುದ್ದ ಇಷ್ಟಗಲ ಇರಬೇಕು ಎಂದರೆ ಹಗ್ಗ ಹಿಡಿದು ಅಳೆದು ತೋಡಿದ. ಸೊಪ್ಪು ತಿಂದರೆ ರಕ್ತ ಬರುತ್ತದೆ ಎಂದ ತಿಂಗಳು ಮನೆಯಲ್ಲಿ ಮೂರು ಹೊತ್ತೂ ಸೊಪ್ಪು. "ನಾವೇನ್ ಮೇಕೆಗಳಾ?" ಎಂದು ಅವ್ವ ಕೇಳಿದಳು. ಒಂದು ದಿನ ಒಣಹವೆ ಇರುತ್ತದೆ ಎಂದು ರೇಡಿಯೋ ಹೇಳಿತು. ಗೊಂಗಡಿ ಕಂಬಳಿ ಬಿಟ್ಟು ಹೊಲಕ್ಕೆ ಹೋದವನು ತೊಪ್ಪೆಯಾಗಿ ಬಂದ. ಆಗಲೂ ರೇಡಿಯೋವನ್ನು ಬಿಟ್ಟುಕೊಡಲಿಲ್ಲ. "ಅವ್ರು ಮೈಸೂರ್ಗೆ ಏಳಿದ್ದು ಕಣವ್ವ. ನಮ್ ಬೆಟ್ಟದ್ ಮೋಡ ಅವ್ರ ಮಾತ್ನ ಕೇಳ್ತದಾ?" ಎಂದು ತಲೆ ಒರೆಸಿಕೊಂಡ.

ನಮ್ಮ ಬೆಟ್ಟ ಇರುವುದು ತಮಿಳುನಾಡಿನಲ್ಲಿ, ನಮ್ಮ ನಾಲಿಗೆ ಇರುವುದು ಕನ್ನಡದಲ್ಲಿ. ರೇಡಿಯೋಗೂ ಅದೇ ಪಾಡು. ಅರಿಸಿನದ ರೇಟು ಬೇಕಾದರೆ ತಮಿಳು ಸ್ಟೇಷನ್ನು, ಮಿಕ್ಕಿದ್ದಕ್ಕೆಲ್ಲ ಮೈಸೂರು. ಸೆಟ್ಟನ್ನು ಪಡುವಣ ಗೋಡೆಗೆ, ಅಂದರೆ ಪಕ್ಕದ ಬಸಪ್ಪ ಮಾವನ ಮನೆಯ ಕಡೆಗೆ ಮುಖ ಮಾಡಿ ಇಟ್ಟರೆ ಮೈಸೂರು ಗಂಟೆ ಹೊಡೆದ ಹಾಗೆ ಕೇಳುತ್ತಿತ್ತು. ಕೊಂಚ ಅಡ್ಡ ತಿರುಗಿಸಿದರೆ ಕನ್ನಡದ ಸುದ್ದಿಯೊಳಕ್ಕೆ ತಮಿಳಿನ ಹಾಡು ನುಗ್ಗುತ್ತಿತ್ತು.

ಇಷ್ಟೆಲ್ಲ ಇದ್ದರೂ ನನಗೆ ಆ ರೇಡಿಯೋದಿಂದ ಸುಖವಿರಲಿಲ್ಲ. ಅಣ್ಣ ಅದನ್ನು ದೇವರ ಗೂಡಿನ ಪಕ್ಕ ಇಟ್ಟು, ಕಿವಿಯನ್ನು ತಾನೊಬ್ಬನೇ ತಿರುಗಿಸುತ್ತಿದ್ದ. ಸುದ್ದಿ, ಹವಾಮಾನ, ರೈತರ ಕಾರ್ಯಕ್ರಮ, ಅಷ್ಟೇ. ಚಿತ್ರಗೀತೆ ಬರುವ ಹೊತ್ತಿಗೆ ಸರಿಯಾಗಿ ಟಕ್ ಎಂದು ಆರಿಸುವನು. ಸೆಲ್ಲು ಸವೆಯುತ್ತದೆ ಎಂಬ ನೆಪ. ನಾನಾಗ ಹದಿನಾಲ್ಕರ ಹುಡುಗಿ. ಹಾಡಿನ ಮೊದಲ ಪಿಟೀಲು ಎದ್ದು, ಬಾಯಿ ತೆರೆಯುವಷ್ಟರಲ್ಲಿ ಟಕ್. ಆ ಟಕ್ ಕೇಳಿದ ಮೇಲೆ ನಾನು ಪಾತ್ರೆಗಳನ್ನು ಕುಕ್ಕಿ ಕುಕ್ಕಿ ತೊಳೆಯುತ್ತಿದ್ದೆ.

ಆ ವರ್ಷ ಮಳೆ ಹೆಚ್ಚಾಗಿ ಕೆಳಗಿನ ಹೊಲದ ಅರಿಸಿನ ಹಳದಿ ತಿರುಗಿತು. ಬುಡ ಹಿಡಿದು ಎಳೆದರೆ ಗಿಡ ಕೈಗೇ ಬರುತ್ತಿತ್ತು, ಗೆಡ್ಡೆ ಕೊಳೆತ ವಾಸನೆ. ಅಣ್ಣ ನನ್ನನ್ನು ಕೂರಿಸಿಕೊಂಡು ಸ್ಟೇಷನ್ನಿಗೆ ಕಾಗದ ಬರೆಸಿದ. ರೈತರ ಕಾರ್ಯಕ್ರಮದಲ್ಲಿ ಇಬ್ಬರು ಹರಟೆ ಹೊಡೆಯುವ ಹಾಗೆ ಮಾತಾಡುತ್ತಾ ಕಾಗದಗಳಿಗೆ ಉತ್ತರ ಕೊಡುತ್ತಿದ್ದರು. ಒಬ್ಬರದು ದಪ್ಪ ದನಿ, ಇನ್ನೊಬ್ಬರದು ಸಣ್ಣ ದನಿ.

"ಎಲೆ ಹಳದಿ ಆಗದೆ ಅಂತ ಬರಿ. ಗೆಡ್ಡೆ ನಾರ್ತದೆ ಅಂತ ಬರಿ. ಲೈಸೆನ್ಸ್ ಕಟ್ಟಿವ್ನಿ ಅಂತ್ಲೂ ಬರಿ" ಎಂದ.

ಬರೆದೆ. ಮಡಿಸಿದೆ. ತಾಳವಾಡಿಗೆ ಹೋಗಿ ಹಾಕಿ ಬಾ ಎಂದು ಕಳಿಸಿದ. ಹೊರಡುವ ಮುಂಚೆ ಅರ್ಧ ಗಂಟೆ ಹಾಡಿತ್ತು. ಕೇಳಿಕೊಂಡು ಹೋಗುತ್ತೇನೆ ಎಂದೆ. ಟಕ್.

ದಾರಿಯುದ್ದಕ್ಕೂ ಕಣ್ಣೀರು ಸುರಿಸಿಕೊಂಡು ಹೋದೆ. ಅಂಚೆ ಕಚೇರಿಯ ಕಟ್ಟೆಯ ಮೇಲೆ ಕೂತಾಗ ಒಂದು ಯೋಚನೆ ಹೊಳೆಯಿತು. ನನ್ನ ಅಣ್ಣ ಅವ್ವನ ಮಾತು ಕೇಳುವುದಿಲ್ಲ, ಊರ ಯಜಮಾನರ ಮಾತು ಕೇಳುವುದಿಲ್ಲ, ಕೇಳುವುದು ಮೈಸೂರಿನ ಮಾತೊಂದನ್ನೇ. ದೂರು ಕೊಡಬೇಕಾದರೆ ಅಲ್ಲಿಗೇ ಕೊಡಬೇಕು! ಅಣ್ಣನ ಕಾಗದವನ್ನು ಲಂಗದ ನೆರಿಗೆಗೆ ಸಿಕ್ಕಿಸಿ, ಸ್ಟಾಂಪಿಗೆಂದು ಅವನು ಕೊಟ್ಟಿದ್ದ ಕಾಸಿನಲ್ಲಿ ಒಂದು ಕಾರ್ಡು ತೆಗೆದುಕೊಂಡು ಬರೆದೆ. "ಮಾನ್ಯರೇ, ನಮ್ಮ ಊರಿನಲ್ಲಿ ಒಬ್ಬರು ರೇಡಿಯೋವನ್ನು ದೇವರ ಗೂಡಿನಲ್ಲಿ ಇಟ್ಟು ಯಾರಿಗೂ ಮುಟ್ಟಲು ಬಿಡುವುದಿಲ್ಲ. ಚಿತ್ರಗೀತೆ ಬಂದರೆ ಆರಿಸುತ್ತಾರೆ. ದಯಮಾಡಿ ಅವರಿಗೆ ಬುದ್ಧಿ ಹೇಳಬೇಕು."

ಸಿಕ್ಕಿಬೀಳಬಾರದು ಎಂದು ಹೆಸರು ಬರೆಯಲಿಲ್ಲ. ಕೆಳಗೆ 'ಹೊಂಗೆದೊಡ್ಡಿ' ಎಂದಷ್ಟೇ ಬರೆದೆ. ಇಡೀ ಹೊಂಗೆದೊಡ್ಡಿಗೆ ಇರುವುದು ಒಂದೇ ರೇಡಿಯೋ ಎನ್ನುವುದು ನನ್ನ ಐದನೇ ಕ್ಲಾಸಿನ ತಲೆಗೆ ಹೊಳೆಯಲೇ ಇಲ್ಲ ನೋಡಿ.

ಹದಿನೈದು ದಿನವಾಗಿರಬೇಕು. ಅಣ್ಣ ತನ್ನ ಕಾಗದ ಓದುತ್ತಾರೆ ಎಂದು ದಿನವೂ ನಾಲ್ಕು ಜನರನ್ನು ಕರೆದು ಕೂರಿಸಿಕೊಳ್ಳುತ್ತಿದ್ದ. ಅಂದು ಸಂಜೆ ಬಸಪ್ಪ ಮಾವನೂ ಇದ್ದ. ಬಸಪ್ಪ ಮಾವ ನಮಗೆ ರಕ್ತಸಂಬಂಧವಲ್ಲ, ಗೋಡೆಸಂಬಂಧ. ದೊಡ್ಡ ಮೀಸೆ, ಅದಕ್ಕಿಂತ ದೊಡ್ಡ ಬಾಯಿ.

"ಹೊಂಗೆದೊಡ್ಡಿಯಿಂದ ಒಂದು ಕಾಗದ ಬಂದಿದೆ" ಎಂದಿತು ದಪ್ಪ ದನಿ.

ಅಣ್ಣ ಎದ್ದು ನಿಂತುಬಿಟ್ಟ. "ನಂದೇ, ನಂದೇ! ಸುಮ್ನಿರ್ರಲಾ!"

ದಪ್ಪ ದನಿ ನನ್ನ ಕಾರ್ಡನ್ನು ಒಂದಕ್ಷರ ಬಿಡದೆ ಓದಿತು. ಸಣ್ಣ ದನಿ ಕಿಸಕ್ ಎಂದಿತು. ಆಮೇಲೆ ಇಬ್ಬರೂ ಸೇರಿ ಬುದ್ಧಿ ಹೇಳಿದರು. ರೇಡಿಯೋ ದೇವರಲ್ಲ ಅಣ್ಣಾ, ಬಾವಿ ಇದ್ದ ಹಾಗೆ, ಹತ್ತು ಜನ ಸೇದಿದರೆ ನೀರು ತಿಳಿಯಾಗುತ್ತದೆ, ಹೆಣ್ಣುಮಕ್ಕಳಿಗೂ ಮಕ್ಕಳಿಗೂ ಅದರಲ್ಲಿ ಪಾಲಿದೆ, ಜಗಲಿಗೆ ತಂದಿಡು ಎಂದರು. ನಾನು ಒಲೆಯ ಮುಂದೆ ಕೂತು ಇಲ್ಲದ ಬೆಂಕಿಯನ್ನು ಊದುತ್ತಿದ್ದೆ.

ಅಣ್ಣನ ಮುಖ ಕೆಂಪಗಾಗಿ, ಕಪ್ಪಗಾಗಿ, ಕಡೆಗೆ ಮಂಕಾಯಿತು. ಅವನು ಗೂಡಿನ ಹತ್ತಿರ ಹೋಗಿ ಎರಡೂ ಕೈಯಲ್ಲಿ ರೇಡಿಯೋ ಎತ್ತಿಕೊಂಡ. ಒಡೆಯುತ್ತಾನೆ ಎಂದುಕೊಂಡು ಅವ್ವ "ಲೋ ಮಾದಾ!" ಎಂದು ಕೂಗಿದಳು. ಅಣ್ಣ ಸೀದಾ ಹೊರಗೆ ಹೋಗಿ ಜಗಲಿಯ ಮೇಲೆ ಇಟ್ಟ.

"ಟೇಸನ್ನೋರೇ ಏಳುದ್ ಮ್ಯಾಕೆ ಇನ್ನೇನದ" ಎಂದ. "ತಿರ್ವಮ್ಮಿ. ಅದೇನ್ ಆಡ್ ಬೇಕೋ ತಿರ್ವು."

ಅಂದಿನಿಂದ ನಮ್ಮ ಜಗಲಿಗೆ ಬಂದ ಕಳೆಯನ್ನು ಏನೆಂದು ಹೇಳಲಿ! ಸಂಜೆಯಾದರೆ ಹೆಂಗಸರು ಸೊಪ್ಪು ಸೋಸಿಕೊಂಡು, ಅವರೆಕಾಯಿ ಸುಲಿದುಕೊಂಡು ಹಾಡು ಕೇಳುವರು. ಹಾಡಿನ ರಭಸಕ್ಕೆ ಕಾಳು ಸಿಪ್ಪೆಗೂ ಸಿಪ್ಪೆ ಮೊರಕ್ಕೂ ಬೀಳುವುದು. ಕಾಡಿನೊಳಗಿನ ತಮ್ಮ ಹಾಡಿಯಿಂದ, ಅವರು ಪೋಡು ಎನ್ನುವ ಕಡೆಯಿಂದ, ಜೇನು ಮಾರಲು ಬರುತ್ತಿದ್ದ ಸೋಲಿಗರ ಜಡೆಮ್ಮ ಕೂಡ ಬುಟ್ಟಿ ಇಳಿಸಿ ಕೂರುವಳು. ಒಂದು ದಿನ ಅವಳು ಕೇಳಿದಳು.

"ಇದು ಇಷ್ಟ್ ಮಾತಾಡ್ತದಲ್ಲ ಮಾದಪ್ಪ, ನಾವ್ ಏಳದ್ನೂ ಕೇಳ್ತದಾ?"

"ಕೇಳ್ತದ ಜಡೆಮ್ಮ. ಕಾಗ್ದ ಆಕುದ್ರೆ ಕೇಳ್ತದ" ಎಂದ ಅಣ್ಣ. "ನಂದಿನ್ನೂ ಕೇಳಿಲ್ಲ. ಕೇಳ್ತದ."

ಅವನ ಕಾಗದ ನನ್ನ ಹಳೆಯ ಲಂಗದ ಗಂಟಿನಲ್ಲೇ ಇತ್ತು. ಮರುದಿನವೇ ಓಡಿಹೋಗಿ ಹಾಕಿದೆ. ಉತ್ತರವೂ ಬಂತು. ನೀರು ನಿಲ್ಲದ ಹಾಗೆ ಬಸಿಗಾಲುವೆ ತೋಡಿ, ಕೊಳೆತ ಬುಡ ಕಿತ್ತುಹಾಕಿ, ಮೈಲುತುತ್ತವನ್ನೂ ಸುಣ್ಣವನ್ನೂ ನೀರಿನಲ್ಲಿ ಕಲಸಿ ಸುರಿಯಿರಿ ಎಂದರು. ಅಷ್ಟರಲ್ಲಿ ಕೆಳಗಿನ ಹೊಲದ ಅರ್ಧ ಹೋಗಿತ್ತು. ಉಳಿದರ್ಧ ಉಳಿಯಿತು. "ಅಂಚೇಲಿ ತಡ ಆಗದೆ ಕಣಮ್ಮಿ, ಪಾಪ ಅವ್ರೇನ್ ಮಾಡ್ತಾರೆ" ಎಂದು ಅಣ್ಣ ನನ್ನನ್ನೇ ಸಮಾಧಾನ ಮಾಡಿದ. ನಾನು ತಲೆಯಾಡಿಸಿದೆ. ಹೀಗೆ ತಲೆಯಾಡಿಸುವುದು ಎಷ್ಟು ಸುಲಭ ಎನ್ನುವುದು ಮಾಡಿದವರಿಗೇ ಗೊತ್ತು.

ಅರ್ಧ ಅರಿಸಿನವಾದರೂ ಮುಂದಿನ ವರ್ಷ ಬರುತ್ತದೆ. ದೊಡ್ಡ ಅನ್ಯಾಯ ಬೇರೆ ಇತ್ತು. ಆ ಹೆಸರಿಲ್ಲದ ಕಾಗದ ಬರೆದವರು ಯಾರು ಎಂದು ಅಣ್ಣ ಹುಡುಕುತ್ತಲೇ ಇದ್ದ. ಬಸಪ್ಪ ಮಾವನನ್ನು ಯಾರಾದರೂ ಕೇಳಿದರೆ ಅವನು ಹೌದೂ ಅನ್ನುವುದಿಲ್ಲ, ಅಲ್ಲವೂ ಅನ್ನುವುದಿಲ್ಲ, ಮೀಸೆ ತೀಡಿ ನಗುತ್ತಿದ್ದ. ಅಣ್ಣನಿಗೆ ಅಷ್ಟೇ ಸಾಕಾಯಿತು. ಮಾತು ಬಿಟ್ಟ. ಜಗಲಿ ಊರಿಗೆಲ್ಲ ತೆರೆದಿತ್ತು, ಬಸಪ್ಪ ಮಾವನೊಬ್ಬನಿಗೆ ಇಲ್ಲ. ಸಾಲದು ಎಂದು ರೇಡಿಯೋದ ಮುಖವನ್ನೂ ಅವನ ಮನೆಯ ಕಡೆಯಿಂದ ಅಡ್ಡಕ್ಕೆ ತಿರುಗಿಸಿಬಿಟ್ಟ. ಮೈಸೂರು ಗೊರಗೊರ ಎನ್ನತೊಡಗಿತು. ಸುದ್ದಿಯ ನಡುವೆ ತಮಿಳು ಹಾಡು ಬಂತು, ಹಾಡಿನ ನಡುವೆ ಯಾವುದೋ ಊರಿನ ಶಿಳ್ಳೆ ಬಂತು. "ಆ ಕಡೆ ತಿರುಗ್ಸ್ಲಾ" ಎಂದು ಹೆಂಗಸರು ಗೋಗರೆದರೂ ಬಗ್ಗಲಿಲ್ಲ. ಬಸಪ್ಪ ಮಾವ ತನ್ನ ಹಿತ್ತಿಲ ಗೋಡೆಗೆ ಆತು ನಿಂತು, ಅಂಗೈಯನ್ನು ಕಿವಿಗೆ ಮರೆಮಾಡಿಕೊಂಡು ಕೇಳುತ್ತಿದ್ದ. ಅವನನ್ನು ನೋಡಿದಾಗಲೆಲ್ಲ ಇವತ್ತು ಹೇಳಿಬಿಡುತ್ತೇನೆ ಎಂದುಕೊಳ್ಳುವೆ. ಅಷ್ಟರಲ್ಲಿ ಒಳ್ಳೆಯ ಹಾಡೊಂದು ಶುರುವಾಗುವುದು. ನಾಳೆ ಹೇಳಿದರಾಯಿತು ಎನಿಸುವುದು.

ಹೀಗೆ ನಾಳೆ ನಾಳೆ ಎನ್ನುತ್ತಾ ನನ್ನ ಮದುವೆಯಾಯಿತು, ಹಾಸನೂರಿಗೆ ಹೋದೆ, ಎರಡು ಮಕ್ಕಳೂ ಆದವು. ಎಂಬತ್ತರ ದಶಕದ ನಡುವೆ ಒಂದು ಗೌರಿ ಹಬ್ಬಕ್ಕೆ ತವರಿಗೆ ಬಂದಾಗ ಅಣ್ಣ ತಾಳವಾಡಿಯಿಂದ ಸಪ್ಪೆ ಮೋರೆ ಹಾಕಿಕೊಂಡು ಬಂದ. ಲೈಸೆನ್ಸ್ ಕಟ್ಟಲು ಹೋದರೆ ಅಂಚೆಯವರು "ಇನಿಮೇ ವೇಂಡಾಂಪ್ಪಾ, ಎಲ್ಲಾ ಎಡುತ್ತಾಚ್ಚು" ಎಂದರಂತೆ. ಇನ್ನು ಮೇಲೆ ಬೇಡ, ಸರ್ಕಾರ ತೆಗೆದುಹಾಕಿದೆ.

"ಒಳ್ಳೇದಾಯ್ತಲ್ಲಣ್ಣ" ಎಂದೆ.

"ಏನ್ ಒಳ್ಳೇದು? ತಕ್ಕಳಿ ಸಾಮಿ, ನಾನೇ ಕೊಡ್ತೀನಿ ಅಂದ್ರೂ ತಕ್ಕಳ್ನಿಲ್ಲ. ಅದ್ಕೆ ಪುಸ್ತಕನೇ ಇಲ್ವಂತೆ. ನಾವ್ ಕೊಡ್ದಿದ್ ಮ್ಯಾಕೆ ಯಾವ್ ಬಾಯ್ಲಮ್ಮಿ ಕೇಳದು? ನಾಳೀಕೆ ಸೋಪ್ ಮಾರೋನ್ ಕೊಡ್ತಾನೆ. ಆಗ ಟೇಸನ್ನು ಸೋಪಿನ್ ಮಾತಾಡ್ತದೋ, ಅರಿಸ್ನದ್ ಮಾತಾಡ್ತದೋ?"

ಈಗ ಟಿವಿ ಮುಂದೆ ಕೂತಾಗ ಒಂದು ಕಥೆಯ ಮಧ್ಯೆ ಹತ್ತು ಸೋಪು ಬರುತ್ತವೆ. ಆಗೆಲ್ಲ ಅಣ್ಣನ ಆ ಮುಖ ಕಣ್ಣಿಗೆ ಬರುತ್ತದೆ.

"ಬರ್ಕೊ. ಟೇಸನ್ಗೆ ಒಂದ್ ಕಾಗ್ದ" ಎಂದು ಕೂತ. ನಾನು ಮೊಣಕಾಲ ಮೇಲೆ ಕಾಗದ ಇಟ್ಟುಕೊಂಡೆ. "ಲೈಸೆನ್ಸ್ ತಗದ್ ಬುಟ್ರಂತೆ. ನಿಮ್ ಊಟ ತಿಂಡಿಗೆ ಏನ್ ದಾರಿ? ದುಡ್ ಬ್ಯಾಡಾಂದ್ರೆ ವರ್ಸಕ್ಕೊಂದ್ ಮೂಟೆ ರಾಗಿ ಕಳುಸ್ತೀನಿ. ಬಸ್ಸಿಗ್ ಆಕುದ್ರೆ ಚಾಮರಾಜನಗರದಲ್ಲಿ ಇಳುಸ್ಕಬೈದು."

ನಗು ತಡೆದುಕೊಂಡು ಬರೆದೆ. ಅಣ್ಣ ಗೋಡೆಯ ಕಡೆ ನೋಡಿ ದನಿ ಏರಿಸಿದ.

"ಇನ್ನೊಂದ್ ಮಾತು. ಇಂದೆ ಒಂದ್ ಕಿತ ನಮ್ಮೂರಿನ್ ಯಾವನೋ ಎಸ್ರಿಲ್ದೆ ಬರುದ್ ಚಾಡೀನ ಓದುದ್ರಿ. ಅಂತವ್ರ ಕಾಗ್ದಾನ ಇನ್ ಮ್ಯಾಕೆ ಓದಬ್ಯಾಡಿ. ಬರುದಾ?"

ಬರೆಯಲಿಲ್ಲ. ಪೆನ್ನು ಕಾಗದದ ಮೇಲೆ ನಿಂತೇ ಹೋಯಿತು. ರೇಡಿಯೋದಲ್ಲಿ ಹಾಡು ಬರುತ್ತಿತ್ತು, ಎದ್ದು ಟಕ್ ಎಂದು ಆರಿಸಿದೆ. ಇನ್ನು ನಾಳೆ ಎನ್ನಲು ನೆಪ ಉಳಿಯಲಿಲ್ಲ.

"ಅದ ಬರುದದ್ದು ನಾನು ಕಣಣ್ಣ."

"ಏನ?"

"ಆ ಚಾಡಿ. ಬಸಪ್ಪ ಮಾವ ಅಲ್ಲ, ನಾನು. ನಿನ್ ಅರಿಸ್ನದ್ ಕಾಗ್ದ ಆಕ್ನಿಲ್ಲ, ಅದ ಆಕುದೆ. ಅದ್ಕೇ ಅರಿಸ್ನ ಓಯ್ತು."

ಎರಡು ಮಕ್ಕಳ ತಾಯಿ ಹದಿನಾಲ್ಕರ ಹುಡುಗಿಯಾಗಿ ಅಳತೊಡಗಿದೆ. ಅಣ್ಣ ಹೊಡೆದಿದ್ದರೆ ಹಗುರಾಗುತ್ತಿತ್ತು. ಅವನು ಎದ್ದು ಬಸಪ್ಪ ಮಾವನ ಗೋಡೆಯ ಕಡೆ ನೋಡಿದ.

"ಅರಿಸ್ನದ್ ಮನೆ ಆಳಾಗ್ಲಿ" ಎಂದ. "ಇಷ್ಟ್ ವರ್ಸ ಆ ಮನ್ಸನ್ನ ಗ್ವಾಡೆ ಆಚೆ ನಿಲ್ಸಿವ್ನಲ್ಲಮ್ಮಿ. ಎಲ್ಲಾರ್ಗೂ ಪಾಲ್ ಕೊಡು ಅಂತ ಏಳುದ್ರು. ಒಬ್ಬುನ್ನ ಬುಟ್ಟು ಕೊಟ್ಟೆ. ಏಳು, ನಡಿ."

ರೇಡಿಯೋವನ್ನು ಕಂಕುಳಲ್ಲಿ ಇಟ್ಟುಕೊಂಡು, ನನ್ನ ಕೈ ಹಿಡಿದು ಬಸಪ್ಪ ಮಾವನ ಮನೆಗೆ ನಡೆದ. ಮಾವ ಅಂಗಳದಲ್ಲಿ ಹಗ್ಗ ಹೊಸೆಯುತ್ತಿದ್ದ. ಅಣ್ಣ ರೇಡಿಯೋವನ್ನು ಅವನ ಮುಂದಿಟ್ಟು, ನನ್ನ ಬೆನ್ನಿಗೆ ತಿವಿದ. ನಾನು ಎಲ್ಲವನ್ನೂ ಒಪ್ಪಿಸಿದೆ. ಮಾವ ನಮ್ಮಿಬ್ಬರನ್ನೂ ಸಿಡಿಮಿಡಿಯಿಂದ ನೋಡಿದ.

"ಈಗ್ಯಾಕವ್ವ ಏಳಕ್ ಬಂದೆ?"

"ತಪ್ಪಾಯ್ತು ಮಾವ."

"ತಪ್ಪಲ್ಲ, ಲಾಸಾಯ್ತು! ನಾನೇ ಬರ್ಸುದ್ದು ಅಂತ ತಾಳವಾಡಿ ಸಂತೇಲೆಲ್ಲ ಏಳ್ಕಂಡಿವ್ನಿ. ಬಸ್ ಕಂಡಕ್ಟ್ರ ಕೈಲಿ ಬರ್ಸ್ದೆ, ಮೈಸೂರ್ನೋರು ನನ್ ಮಾತ್ನ ಓದುದ್ರು ಅಂತ ಬೀಗ್ರ ಮನೇಲಿ ಎರಡೆರಡ್ ಕಿತ ಪಾಯಸ ಬಡುಸ್ತಾರೆ. ಎಬ್ಬೆಟ್ ಒತ್ತೋನ್ಗೆ ಅದೊಂದ್ ಮರ್ವಾದೆ ಇತ್ತು. ನೀನ್ ಬಂದು ಕಿತ್ಕತಾ ಇದ್ದೀಯಲ್ಲ!"

ಅಣ್ಣನಿಗೆ ನಗು ಎಲ್ಲಿಂದ ಬಂತೋ, ಹೊಟ್ಟೆ ಹಿಡಿದುಕೊಂಡು ಕೂತುಬಿಟ್ಟ. ಮಾವನೂ ನಕ್ಕ. ರೇಡಿಯೋವನ್ನು ಪಡುವಣಕ್ಕೆ ತಿರುಗಿಸಿ ಹಾಕಿದಾಗ ಮೈಸೂರು ಸ್ಫಟಿಕದ ಹಾಗೆ ಕೇಳಿತು. ಬೇಲಿಯಾಚೆಯಿಂದ ಹೆಂಗಸರು ಮೊರದ ಸಮೇತ ಬಂದರು.

"ಊರ್ಗೆ ಏಳಬ್ಯಾಡ ಕಣವ್ವ" ಎಂದು ಮಾವ ಪಿಸುಗುಟ್ಟಿದ. ಆಗಲಿ ಎಂದೆ. ಹೋದ ವರ್ಷ ಅವನು ತೀರಿಕೊಳ್ಳುವವರೆಗೂ ಆ ಮಾತು ಉಳಿಸಿಕೊಂಡೆ. ಊರ ಮುಂದೆ ಒಪ್ಪಿಕೊಳ್ಳದೆ ನೆಮ್ಮದಿಯಾಗಿರಲು ನನಗೂ ಅದೇ ನೆಪವಾಯಿತು.

ಅಂದು ಕಾಗದವನ್ನು ಮಾವನ ಅಂಗಳದಲ್ಲೇ ಮುಗಿಸಿದೆವು. ಚಾಡಿಯ ಮಾತು ಬೇಡವೆಂದು ಅಣ್ಣ ಬಿಡಿಸಿದ. "ನಮ್ಮೂರಲ್ಲಿ ಎಲ್ಲಾರೂ ನಿಮ್ ಮಾತ್ನ ಕೇಳ್ತಾರೆ ಅಂತ ಬರಿ" ಎಂದ.

"ಎಲ್ಲಾರೂ ಅಂತ್ಲಾ?" ಎಂದೆ.

"ಊಂ. ಇವತ್ನಿಂದ."

ಬರೆದು ಮಡಿಸುವಾಗ ಬಸಪ್ಪ ಮಾವ ಕೆಮ್ಮಿದ.

"ನಂದೂ ಒಂದ್ ಮಾತ್ ಸೇರ್ಸವ್ವ."

"ಏಳು ಮಾವ."

"ಮುಂಚೆ ಬುದ್ಧಿ ಏಳಿ ಅಂತ ಬರುದಿದ್ನಲ್ಲ ಬಸಪ್ಪ, ಅಂವ ಚೆಂದಾಗವ್ನೆ ಅಂತ."

ಅಣ್ಣನ ಮುಖ ನೋಡಿದೆ. ಬರಿ ಎಂದು ಕಣ್ಣಲ್ಲೇ ಹೇಳಿದ. ಬರೆದೆ.